‘ಪಲ್ವಿನೇಟ್’ ಎಂಬ ಶಬ್ದವೂ ನಮ್ಮ ದಿಂಬೂ

ಆಂಗ್ಲ ಭಾಷೆಯಲ್ಲಿ ‘ಪಲ್ವಿನೇಟ್’ ಎಂಬುದೊಂದು ವಿಶೇಷಣಪದವುಂಟು. ವೃತ್ತಪತ್ರಿಕೆಗಳಲ್ಲಿ ಅದು ಕಾಣಸಿಗದು, ನ್ಯಾಯಾಲಯಗಳಲ್ಲಿ ಕೇಳಿಬರದು, ಆಂಗ್ಲವೇ ಮನೆಮಾತಾಗಿರುವವರಲ್ಲಿಯೂ ಬಹುಮಂದಿ ಅದನ್ನು ಆಯುಷ್ಯದಲ್ಲಿ ಒಮ್ಮೆಯಾದರೂ ಉಚ್ಚರಿಸಿರಲಾರರು. ಆದಾಗ್ಯೂ ಸಸ್ಯಶಾಸ್ತ್ರವನ್ನೋ ಕೀಟಶಾಸ್ತ್ರವನ್ನೋ ಸೂಕ್ಷ್ಮಜೀವಿಶಾಸ್ತ್ರವನ್ನೋ ವ್ಯಾಸಂಗಮಾಡುವ ನಮ್ಮ ವಿದ್ಯಾರ್ಥಿಗಳಿಗೂ, ಕಟ್ಟಡಗಳ ಶಿಲ್ಪವನ್ನು ಕುರಿತು ಓದುವವರಿಗೂ ಅದು ಎದುರಾಗದೆ ಇರದು. ಅದರ ಸ್ಥೂಲಾರ್ಥ ‘ದಿಂಬಿನಂತಿರುವ’ ಎಂದು. ‘ಪಲ್ವಿನೇಟೆಡ್’ ಎಂಬುದು ಅದರದೇ ರೂಪಾಂತರ; ವಾಸ್ತುಶಿಲ್ಪದವರು ಹೆಚ್ಚಾಗಿ ಈ ಎರಡನೆಯ ರೂಪವನ್ನೇ ಬಳಸುತ್ತಾರೆ. ಸಂಗತಿ ಇಷ್ಟೇ ಆಗಿದ್ದಲ್ಲಿ ಈ ಪುಟದ ಸ್ಥಳವನ್ನು ನಾವು ಇದಕ್ಕಾಗಿ ವ್ಯಯಮಾಡುತ್ತಿರಲಿಲ್ಲ.

ಸಂಗತಿ ಇಷ್ಟೇ ಅಲ್ಲವೆಂಬುದನ್ನು ನಮಗೆ ತಿಳಿಸಿದವರು ವಿಜ್ಞಾನ ಬೋಧಿಸುವ ಉಪಾಧ್ಯಾಯರೊಬ್ಬರು. ಸೂಕ್ಷ್ಮಜೀವಿಗಳನ್ನು ಗಾಜಿನ ತಟ್ಟೆಯಲ್ಲಿ ಬೆಳೆಸಿದಾಗ ಅವು ಗುಂಪುಗುಂಪಾಗಿ ಬೆಳೆಯುತ್ತವೆ. ಆ ಗುಂಪನ್ನು ಪಕ್ಕದಿಂದ ನೋಡಿದರೆ ಅದು ಚಪ್ಪಟೆಯಾಗಿದೆಯೇ, ಮೇಲೆದ್ದಿದೆಯೇ, ಉಬ್ಬಿದೆಯೇ, ದಿಂಬಿನಂತೆ ಎತ್ತರವಾಗಿ ಗುಂಡಗಿದೆಯೇ, ನಡುವೆ ಗುಬುಟು ಇದೆಯೇ ಎಂದು ಗುರುತಿಸಿ ಬರೆಯುವುದು ಆ ಶಾಸ್ತ್ರದ ಪ್ರಥಮ ಪಾಠಗಳಲ್ಲೊಂದು. ಈ ಪಟ್ಟಿಯ ನಾಲ್ಕನೆಯ ಲಕ್ಷಣವೇ ‘ಪಲ್ವಿನೇಟ್’. ಉಪಾಧ್ಯಾಯರ ಕೈಗೆ ಬಂದ ಕನ್ನಡ ಟಿಪ್ಪಣಿಯೊಂದರಲ್ಲಿ ಅದಕ್ಕೆ ‘ಧೂಳುಯುಕ್ತ’ ಎಂದು ಅರ್ಥ ಬರೆದಿದ್ದರಂತೆ. ಅವರ ವಿದ್ಯಾರ್ಥಿನಿಯೊಬ್ಬಳು ತನ್ನ ಕಣ್ಣಿಗೆ ಕಂಡಂತೆ ಚಿತ್ರ ಬರೆದು, ಕೆಳಗೆ ‘ದಿಂಬಿನ ಹಾಗೆ ಉಬ್ಬಿದೆ’ ಎಂದು ಬರೆದಳು. ಉತ್ತರಪತ್ರಿಕೆಯನ್ನು ಪರೀಕ್ಷಿಸಿದವರು ಟಿಪ್ಪಣಿಯ ಶಬ್ದ ಇಲ್ಲವೆಂಬ ಕಾರಣಕ್ಕೆ ಅಂಕವನ್ನು ಕಳೆದರು. ನೋಡಿ ಸರಿಯಾಗಿ ಬರೆದವಳಿಗೆ ಸೊನ್ನೆ, ನೋಡದೆ ಕಂಠಪಾಠ ಮಾಡಿದವರಿಗೆ ಪೂರ್ಣಾಂಕ! ಆ ಟಿಪ್ಪಣಿಯನ್ನು ಅಚ್ಚು ಮಾಡಿದವರ ಹೆಸರು ನಮಗೆ ಮುಖ್ಯವಲ್ಲ. ಇಂತಹ ಪ್ರಮಾದ ಹೇಗೆ ಹುಟ್ಟುತ್ತದೆಂಬುದು ಮುಖ್ಯ.

ಪ್ರಮಾದದ ಮೂಲ ಲ್ಯಾಟಿನ್ ಭಾಷೆಯಲ್ಲಿದೆ. ಆ ಭಾಷೆಯಲ್ಲಿ ‘ಪುಲ್ವಿಸ್’ ಎಂದರೆ ಧೂಳು. ‘ಪುಲ್ವೀನುಸ್’ ಎಂದರೆ ದಿಂಬು. ಪುಡಿಮಾಡುವುದಕ್ಕೆ ಆಂಗ್ಲರು ಹೇಳುವ ‘ಪಲ್ವರೈಸ್’ ಎಂಬ ಕ್ರಿಯಾಪದ ಮೊದಲನೆಯದರಿಂದ ಹುಟ್ಟಿತು. ನಮ್ಮ ‘ಪಲ್ವಿನೇಟ್’ ಎರಡನೆಯದರಿಂದ ಹುಟ್ಟಿತು. ಅಕ್ಷರಗಳ ಹೋಲಿಕೆಯನ್ನು ನಂಬಿ ಭಾಷಾಂತರಕಾರನು ದಿಂಬನ್ನು ಕೊಡವಿ ಧೂಳೆಬ್ಬಿಸಿದನು. ಪರಿಚಿತ ಪದವೊಂದನ್ನು ಹಿಡಿದು ಅಪರಿಚಿತ ಪದಕ್ಕೆ ಅರ್ಥ ಕಟ್ಟುವುದು ಭಾಷಾಂತರದಲ್ಲಿ ಬಹು ಸುಲಭವಾದ ದಾರಿ. ಹಾಗೆಯೇ ಬಹು ಅಪಾಯದ ದಾರಿ.

ಇಲ್ಲಿ ನಮ್ಮ ವಾಚಕರಿಗೆ ಸಂತೋಷಕೊಡಬಹುದಾದ ವಿಷಯವೊಂದುಂಟು. ಆಂಗ್ಲರು ದಿನವೂ ಬಳಸುವ ‘ಪಿಲೋ’ ಎಂಬ ಪದವೂ ಈ ‘ಪುಲ್ವೀನುಸ್’ ಶಬ್ದದಿಂದಲೇ ಬಂದದ್ದು. ರೋಮನರ ಸಂಪರ್ಕದಿಂದ ಜರ್ಮಾನಿಕ್ ಜನಾಂಗಗಳು ತಲೆದಿಂಬನ್ನೂ ಅದರ ಹೆಸರನ್ನೂ ಒಟ್ಟಿಗೆ ಪಡೆದರು. ಹೆಸರು ಬಾಯಿಂದ ಬಾಯಿಗೆ ಸಾಗಿ ಸವೆದು ‘ಪಿಲೋ’ ಆಯಿತು. ಅನೇಕ ಶತಮಾನಗಳ ತರುವಾಯ ಪಂಡಿತರು ಅದೇ ಮೂಲಶಬ್ದವನ್ನು ಗ್ರಂಥಗಳಿಂದ ನೇರವಾಗಿ ಎತ್ತಿ ‘ಪಲ್ವಿನೇಟ್’ ಎಂಬ ವಿಶೇಷಣವನ್ನು ಮಾಡಿಕೊಂಡರು. ಕೇಶಿರಾಜನ ಶಬ್ದಮಣಿದರ್ಪಣವನ್ನು ಪಾಠಶಾಲೆಯಲ್ಲಿ ಓದಿದವರಿಗೆ ಇದನ್ನು ಬಿಡಿಸಿ ಹೇಳಬೇಕಾದ ಅಗತ್ಯವಿಲ್ಲ. ಒಂದು ತದ್ಭವ, ಇನ್ನೊಂದು ತತ್ಸಮ. ‘ಶಯ್ಯೆ’ ಎಂಬುದು ಜನರ ನಾಲಗೆಯ ಮೇಲೆ ‘ಸೆಜ್ಜೆ’ಯಾದುದೂ, ಪಂಡಿತರ ಲೇಖನಿಯಲ್ಲಿ ‘ಶಯ್ಯೆ’ಯಾಗಿಯೇ ಉಳಿದುದೂ ಇದೇ ರೀತಿಯಲ್ಲಿ. ಆಂಗ್ಲ ಭಾಷೆಯ ಕ್ಲಿಷ್ಟ ಪದವೆಂದರೆ ಏನೋ ದೈವದತ್ತವಾದ ಮಂತ್ರವೆಂದು ಭ್ರಮಿಸಿ ಬೆಚ್ಚುವ ನಮ್ಮ ವಿದ್ಯಾವಂತರು ಇದನ್ನು ಮನಸ್ಸಿನಲ್ಲಿಟ್ಟರೆ ಅವರ ಅಂಜಿಕೆ ಅರ್ಧದಷ್ಟಾದರೂ ಕಡಮೆಯಾದೀತು. ಆ ದೊಡ್ಡ ಪದ ಅವರ ಮಂಚದ ಮೇಲಿನ ದಿಂಬಿನ ಸಹೋದರ, ಅಷ್ಟೆ.

ರೋಮನರಲ್ಲಿ ದಿಂಬು ಕೇವಲ ನಿದ್ರೆಯ ಸಾಧನವಾಗಿರಲಿಲ್ಲ. ಕ್ರಿ. ಪೂ. 399ರಲ್ಲಿ ರೋಮ್ ನಗರದಲ್ಲಿ ಸಾಂಕ್ರಾಮಿಕ ವ್ಯಾಧಿ ಹಬ್ಬಿದಾಗ, ಅಲ್ಲಿಯವರು ತಮ್ಮ ಭವಿಷ್ಯಗ್ರಂಥಗಳನ್ನು ತೆಗೆದು ನೋಡಿ, ಆರು ಮಂದಿ ದೇವತೆಗಳಿಗೆ ಮೂರು ಮಂಚಗಳನ್ನು ಹಾಸಿ, ದಿಂಬುಗಳನ್ನಿಟ್ಟು, ಎಂಟು ದಿನಗಳ ಕಾಲ ಔತಣವನ್ನು ನಡೆಸಿದರೆಂದು ಇತಿಹಾಸಕಾರನಾದ ಲಿವಿಯು ಬರೆದಿದ್ದಾನೆ. ದೇವರು ಒರಗುವ ಆ ದಿಂಬಿನ ಪೀಠಕ್ಕೆ ‘ಪುಲ್ವಿನಾರ್’ ಎಂದು ಹೆಸರು. ನಮ್ಮ ದೇವಾಲಯಗಳ ಶಯನೋತ್ಸವವನ್ನು ಕಂಡವರಿಗೆ ಇದು ಅಪರಿಚಿತವೆನಿಸದು. ಕಾಲಕ್ರಮದಲ್ಲಿ ದೇವರ ಪೀಠದ ಮೇಲೆ ಮನುಷ್ಯರ ಕಣ್ಣು ಬಿದ್ದಿತು. ಜೂಲಿಯಸ್ ಸೀಸರನಿಗೆ ಸಂದ ಅತಿಶಯ ಗೌರವಗಳಲ್ಲಿ ಈ ‘ಪುಲ್ವಿನಾರ್’ ಸಹ ಒಂದಾಗಿದ್ದಿತು, ಅದು ಕ್ರಿ. ಪೂ. 44ರಲ್ಲಿ ಅವನ ಕೊಲೆಯಾಗುವುದಕ್ಕೆ ಸ್ವಲ್ಪ ಹಿಂದಿನ ಮಾತು. ಅವನ ಉತ್ತರಾಧಿಕಾರಿಯಾದ ಅಗಸ್ಟಸನು ರಥಸ್ಪರ್ಧೆಯ ದೊಡ್ಡ ಮೈದಾನದ ಬಳಿ ಇದೇ ಹೆಸರಿನ ಪೀಠವನ್ನು ಕಟ್ಟಿಸಿದನು. ತಾನು ಮಾಡಿದ ಕಾರ್ಯಗಳ ಪಟ್ಟಿಯನ್ನು ಬರೆಯಿಸಿದಾಗ ಅದನ್ನೂ ಸೇರಿಸಲು ಮರೆಯಲಿಲ್ಲ.

ಪೀಠದ ಮೇಲಿನ ಮೆತ್ತೆಯೇ ಅಧಿಕಾರದ ಹೆಸರಾಗುವುದು ನಮ್ಮಲ್ಲಿಯೂ ಉಂಟಷ್ಟೆ. ಅರಸನು ಗಾದಿಯನ್ನೇರಿದನೆನ್ನುತ್ತೇವೆ, ಗದ್ದುಗೆ ಹೋಯಿತೆನ್ನುತ್ತೇವೆ. ಪಾರಸಿ ಭಾಷೆಯ ‘ಮಸನದ್’ ಎಂಬುದು ಮೂಲತಃ ಒರಗುವ ದೊಡ್ಡ ದಿಂಬು. ನವಾಬರ ಕಾಲಕ್ಕೆ ಅದೇ ಸಿಂಹಾಸನವೆಂಬ ಅರ್ಥವನ್ನು ಪಡೆಯಿತು. ಕಚೇರಿಗಳಲ್ಲಿ ಕುರ್ಚಿಯ ಮೇಲಿನ ಮೆತ್ತೆಯ ದಪ್ಪವನ್ನು ನೋಡಿಯೇ ಅಧಿಕಾರಿಯ ದರ್ಜೆಯನ್ನು ಊಹಿಸುವವರು ಇನ್ನೂ ಇದ್ದಾರೆ. ಈ ಬಗ್ಗೆ ನಾವು ಹೆಚ್ಚು ಬರೆಯುವುದಿಲ್ಲ. ನಮ್ಮ ವಾಚಕರಲ್ಲಿ ಅಧಿಕಾರಿಗಳೂ ಇದ್ದಾರೆ.

ವಾಸ್ತುಶಿಲ್ಪದಲ್ಲಿ ಈ ಶಬ್ದದ ಉಪಯೋಗ ಬಹು ಖಚಿತವಾದುದು. ಗ್ರೀಕ್ ಮತ್ತು ರೋಮನ್ ಮಾದರಿಯ ಕಟ್ಟಡಗಳಲ್ಲಿ ಕಂಬಗಳ ಮೇಲೆ ತೊಲೆಯಂತೆ ಹಾಯುವ ಭಾಗವೊಂದಿದ್ದು, ಅದರ ನಡುವಣ ಪಟ್ಟಿಯು ಸಾಮಾನ್ಯವಾಗಿ ಗೋಡೆಯಂತೆ ಸಮನಾಗಿರುತ್ತದೆ. ಆ ಪಟ್ಟಿ ಸಮನಾಗಿರದೆ, ಮೇಲಿನ ಭಾರದಿಂದ ಅದುಮಲ್ಪಟ್ಟು ಹೊರಕ್ಕೆ ಉಬ್ಬಿದಂತೆ ತೋರಿದರೆ ಅದನ್ನು ‘ಪಲ್ವಿನೇಟೆಡ್’ ಎನ್ನುವರು. ಇಟಲಿಯ ಶಿಲ್ಪಾಚಾರ್ಯನಾದ ಪಲ್ಲಾಡಿಯೋ 1570ರಲ್ಲಿ ಪ್ರಕಟಿಸಿದ ನಾಲ್ಕು ಸಂಪುಟಗಳ ವಾಸ್ತುಗ್ರಂಥದಲ್ಲಿ ಅಯೋನಿಕ್ ಸಂಪ್ರದಾಯದ ಪಟ್ಟಿಯನ್ನು ಹೀಗೆಯೇ ಉಬ್ಬಿಸಿ ತೋರಿಸಿದ್ದಾನೆ. ಇಂಗ್ಲೆಂಡಿನವರು ಅವನನ್ನು ಅನುಸರಿಸಿ 18ನೆಯ ಶತಮಾನದಲ್ಲಿ ತಮ್ಮ ಸಿರಿವಂತರ ಮನೆಗಳ ಬಾಗಿಲುಗಳ ಮೇಲೂ ಅಗ್ಗಿಷ್ಟಿಕೆಗಳ ಮೇಲೂ ಈ ಉಬ್ಬುಪಟ್ಟಿಯನ್ನು ಕೊರೆಯಿಸಿ, ಎಲೆಗಳ ಮಾಲೆಯನ್ನು ಸುತ್ತಿದರು. ಕಲ್ಲೂ ಮರವೂ ದಿಂಬಿನಂತೆ ತೋರಬೇಕೆಂಬುದು ಶಿಲ್ಪಿಯ ಆಸೆ. ಭಾರವನ್ನು ಹೊತ್ತಿರುವ ವಸ್ತು ಆ ಭಾರವನ್ನು ಅನುಭವಿಸುತ್ತಿದೆಯೆಂಬ ಭಾವನೆಯನ್ನು ನೋಡುವವನಲ್ಲಿ ಹುಟ್ಟಿಸುವುದು ಅದರ ಉದ್ದೇಶ.

ಇದಕ್ಕಾಗಿ ನಾವು ಇಟಲಿಗೇ ಹೋಗಬೇಕಾಗಿಲ್ಲ. ಮುಂಬಯಿಯ ಬಳಿಯ ಘಾರಾಪುರಿಯ ಗುಹೆಗೆ ಹೋದವರು ಅಲ್ಲಿನ ಕಂಬಗಳ ತಲೆಯ ಮೇಲೆ, ಮೇಲಿನಿಂದ ಅದುಮಿದಂತೆ ಚಪ್ಪಟೆಯಾಗಿ ಸುತ್ತಲೂ ಉಬ್ಬಿಕೊಂಡಿರುವ, ಗೀರುಗೀರಾದ ಕಲ್ಲಿನ ದಿಂಬುಗಳನ್ನು ಕಂಡಿರಬೇಕು. ಪಾಶ್ಚಾತ್ಯ ವಿದ್ವಾಂಸರು ಅವುಗಳನ್ನು ದಿಂಬಿನ ಬೋದಿಗೆಗಳೆಂಬ ಅರ್ಥದ ಹೆಸರಿನಿಂದಲೇ ಕರೆದಿದ್ದಾರೆ. ನಮ್ಮ ದೇವಾಲಯಗಳ ಅಧಿಷ್ಠಾನವನ್ನು ನೋಡಿ: ನೆಲದಿಂದ ಮೇಲೇರುವ ಥರಗಳಲ್ಲಿ ಒಂದು ಥರ ಹೊರಕ್ಕೆ ಗುಂಡಗೆ ಉಬ್ಬಿರುತ್ತದೆ. ನಮ್ಮ ಶಿಲ್ಪಿಗಳು ಅದನ್ನು ಕುಮುದವೆಂದು ಕರೆದರು. ಗುಂಡಗಿದ್ದರೆ ವೃತ್ತಕುಮುದ, ಮೂರು ಮುಖಗಳಾಗಿ ಕಡೆದಿದ್ದರೆ ತ್ರಿಪಟ್ಟಕುಮುದ. ಅವರಿಗೆ ದಿಂಬು ಕಂಡಲ್ಲಿ ಇವರಿಗೆ ನೈದಿಲೆ ಕಂಡಿತು. ಯಾವುದು ಹೆಚ್ಚು ಸೊಗಸೆಂಬ ವಿಚಾರದಲ್ಲಿ ನಮ್ಮ ಪಕ್ಷಪಾತವನ್ನು ನಾವು ಮುಚ್ಚಿಡುವುದಿಲ್ಲ. ಆದರೆ ಒಬ್ಬ ವಿದ್ಯಾರ್ಥಿ ಆ ಉಬ್ಬುಪಟ್ಟಿಯ ಹೆಸರನ್ನು ಇಟಲಿಯ ಉದಾಹರಣೆಯಿಂದ ಬಾಯಿಪಾಠ ಮಾಡಿ, ತನ್ನ ಊರಿನ ಗುಡಿಯ ಸುತ್ತ ನೂರು ಪ್ರದಕ್ಷಿಣೆ ಬಂದರೂ ಕುಮುದವನ್ನು ಗುರುತಿಸದೆ ಹೋಗುವಂತಾಗುವುದು ನಮಗೆ ವ್ಯಥೆಯ ವಿಷಯ.

ಈಗ ಶಬ್ದದ ಅರ್ಥದಲ್ಲಿ ನಿಜವಾಗಿಯೂ ಸೂಕ್ಷ್ಮವಾದ ಸ್ಥಳಕ್ಕೆ ಬರೋಣ. ದಿಂಬೆಂದೊಡನೆ ನಮಗೆ ನೆನಪಾಗುವುದು ಅದರ ಮೃದುತ್ವ. ಆದುದರಿಂದ ‘ಪಲ್ವಿನೇಟ್’ ಎಂದರೆ ‘ಮೆತ್ತನೆಯ’ ಎಂದು ಬರೆದುಬಿಡುವ ಭಾಷಾಂತರಕಾರರು ಇರಬಹುದು. ಇದು ಧೂಳಿನಷ್ಟು ದೊಡ್ಡ ತಪ್ಪಲ್ಲವಾದರೂ ತಪ್ಪೇ. ಈ ವಿಶೇಷಣ ಹೇಳುವುದು ಆಕಾರವನ್ನು; ಸ್ಪರ್ಶವನ್ನಲ್ಲ. ಕಲ್ಲಿನ ಪಟ್ಟಿಯನ್ನು ಒತ್ತಿದರೆ ತಗ್ಗುತ್ತದೆಯೇ? ಇದಕ್ಕೆ ಸಸ್ಯಪ್ರಪಂಚದಲ್ಲಿ ಇನ್ನೂ ವಿಚಿತ್ರವಾದ ನಿದರ್ಶನವಿದೆ. ದಕ್ಷಿಣ ಅಮೆರಿಕದ ಆಂಡೀಸ್ ಪರ್ವತಗಳಲ್ಲಿ, ಪೆರು, ಬೊಲಿವಿಯ, ಚಿಲಿ, ಅರ್ಜೆಂಟೈನ ದೇಶಗಳ ಎತ್ತರದ ಬಯಲುಗಳಲ್ಲಿ, ಯಾರೆಟಾ ಎಂಬ ಗಿಡ ಬೆಳೆಯುತ್ತದೆ. ದೂರದಿಂದ ನೋಡಿದರೆ ಬಂಡೆಗಳ ಮೇಲೆ ಹಸುರು ಮೆತ್ತೆಗಳನ್ನು ಹಾಸಿದಂತೆ ಕಾಣುವುದು. ಹತ್ತಿರ ಹೋಗಿ ಕೈಯಿಟ್ಟರೆ ಮರದಂತೆ ಗಟ್ಟಿ. ಮೇಲೆ ನಿಂತರೂ ತಗ್ಗದು. ವರ್ಷಕ್ಕೆ ಒಂದೂವರೆ ಸೆಂಟಿಮೀಟರಿನಷ್ಟು ಬೆಳೆದರೆ ಹೆಚ್ಚು. ಕೆಲವು ಗಿಡಗಳ ವಯಸ್ಸು ಸಾವಿರಾರು ವರ್ಷವೆಂದು ಅಂದಾಜುಮಾಡಿದ್ದಾರೆ. ರಾಳ ತುಂಬಿದ ಗಿಡವಾದುದರಿಂದ ಚೆನ್ನಾಗಿ ಉರಿಯುತ್ತದೆಂದು ಗಣಿಗಳವರು ಒಂದು ಕಾಲದಲ್ಲಿ ಅದನ್ನು ರಾಶಿರಾಶಿಯಾಗಿ ಕಡಿದು ಒಲೆಗಿಟ್ಟರು. ಸಹಸ್ರ ವರ್ಷಗಳ ಬೆಳವಣಿಗೆ ಒಂದು ಹೊತ್ತಿನ ಉರಿಗೆ ಸಂದಿತು.

ಇಂತಹ ದಿಂಬುಗಿಡಗಳು ಲಡಾಖಿನಲ್ಲಿಯೂ ಟಿಬೆಟ್ಟಿನಲ್ಲಿಯೂ ಉಂಟು; ಹಿಮಾಲಯದಲ್ಲಿ ಕೆಲವು ಜಾತಿಗಳು 6000 ಮೀಟರುಗಳಿಗೂ ಮೇಲೆ ದೊರೆತಿವೆ. ಅವು ಬೇರೆ ಬೇರೆ ಕುಲಗಳಿಗೆ ಸೇರಿದವು. ಒಂದಕ್ಕೊಂದು ಹತ್ತಿರದ ಸಂಬಂಧವಿಲ್ಲ. ಆದರೂ ಆಂಡೀಸಿನಲ್ಲಿ ಬೆಳೆದದ್ದೂ ಹಿಮಾಲಯದಲ್ಲಿ ಬೆಳೆದದ್ದೂ ಒಂದೇ ಆಕಾರವನ್ನು ತಾಳಿದವು. ಕಾರಣ ಗಾಳಿ ಮತ್ತು ಚಳಿ. ರೆಂಬೆಗಳು ಒಂದಕ್ಕೊಂದು ಒತ್ತಿಕೊಂಡು ನೆಲಕ್ಕಂಟಿ ಬೆಳೆದಾಗ ಗಾಳಿ ಮೇಲೆ ಜಾರಿಹೋಗುವುದು, ಬಿಸಿಲಿನ ಶಾಖ ಒಳಗೆ ನಿಲ್ಲುವುದು, ಉದುರಿದ ಎಲೆ ಒಳಗೇ ಕೊಳೆತು ಗೊಬ್ಬರವಾಗಿ ತೇವವನ್ನು ಹಿಡಿಯುವುದು. ಹೊರಗೆ ಬದುಕಲಾರದ ಸಣ್ಣ ಗಿಡಗಳು ಈ ದಿಂಬಿನೊಳಗೆ ಬೀಜ ಊರಿ ಆಶ್ರಯ ಪಡೆಯುವುದೂ ಉಂಟು.

ಸಸ್ಯಶಾಸ್ತ್ರದಲ್ಲಿ ಈ ಶಬ್ದಕ್ಕೆ ಇನ್ನೊಂದು ಅರ್ಥವಿದೆ. ನಮ್ಮ ದೇಶದ ಹೆಸರು ಅದರೊಡನೆ ಸೇರಿದೆ. ಎಲೆಯ ತೊಟ್ಟು ಕಾಂಡವನ್ನು ಸೇರುವಲ್ಲಿ ಕೆಲವು ಗಿಡಗಳಲ್ಲಿ ಸಣ್ಣದೊಂದು ಊದಿದ ಭಾಗವಿರುತ್ತದೆ. ಅದನ್ನು ‘ಪಲ್ವಿನಸ್’ ಎನ್ನುವರು. ಅಂತಹ ಉಬ್ಬನ್ನು ಹೊಂದಿದ ಎಲೆಗೂ ‘ಪಲ್ವಿನೇಟ್’ ಎಂಬ ವಿಶೇಷಣವೇ ಸಲ್ಲುವುದು. ನಮ್ಮ ಗದ್ದೆಯ ಬದುಗಳಲ್ಲಿ ತಾನೇ ತಾನಾಗಿ ಹರಡುವ ನಾಚಿಕೆಮುಳ್ಳು, ಅಂದರೆ ಮುಟ್ಟಿದರೆ ಮುನಿ, ಇದಕ್ಕೆ ಪ್ರಸಿದ್ಧವಾದ ಉದಾಹರಣೆ. (ಅದರ ಮೂಲಸ್ಥಾನವೂ ಅಮೆರಿಕದ ಉಷ್ಣಪ್ರದೇಶವೇ, ನಮ್ಮ ಮಕ್ಕಳ ಆಟದಲ್ಲಿ ಅದು ಎಷ್ಟು ಬೆರೆತಿದೆಯೆಂದರೆ ಪರದೇಶದ್ದೆಂದು ಹೇಳಿದರೆ ನಂಬುವವರಿಲ್ಲ.) ಹುಣಸೆಯ ಎಲೆಗಳು ಸಂಜೆಗೆ ಮಡಿಚಿಕೊಳ್ಳುವುದೂ ಇಂತಹ ಉಬ್ಬುಗಳಿಂದಲೇ. ಅಲೆಗ್ಸಾಂಡರನ ಪರಿವಾರದಲ್ಲಿದ್ದ ಆಂಡ್ರಾಸ್ಥೆನೀಸ್ ಎಂಬವನು ಇಂದಿನ ಬಹರೇನ್ ದ್ವೀಪದಲ್ಲಿ ಒಂದು ಮರದ ಎಲೆಗಳು ರಾತ್ರಿ ಮಡಿಚಿ ಹಗಲು ಬಿಚ್ಚುವುದನ್ನು ಕಂಡು ಬರೆದಿಟ್ಟನು. ಅದು ಹುಣಸೆಯ ಮರವೆಂದು ವಿದ್ವಾಂಸರ ಮತ. 1729ರಲ್ಲಿ ಫ್ರಾನ್ಸಿನ ಡಿ ಮೇರಾನ್ ಎಂಬ ವಿಜ್ಞಾನಿಯು ನಾಚಿಕೆ ಸ್ವಭಾವದ ಗಿಡವೊಂದನ್ನು ಕತ್ತಲೆಯಲ್ಲಿಟ್ಟು ನೋಡಿದಾಗ, ಸೂರ್ಯನನ್ನು ಕಾಣದಿದ್ದರೂ ಅದು ಹೊತ್ತಿಗೆ ಸರಿಯಾಗಿ ಎಲೆ ಬಿಚ್ಚಿ ಮುಚ್ಚುತ್ತಿದ್ದಿತು. ಜೀವಿಗಳೊಳಗೆ ಗಡಿಯಾರವೊಂದಿದೆಯೆಂಬ ವಿಚಾರದ ಆರಂಭ ಅಲ್ಲಿ. ಆ ಗಡಿಯಾರದ ಯಂತ್ರರಚನೆಯನ್ನು ಬಿಡಿಸಿ ತೋರಿಸಿದ ಮೂವರಿಗೆ 2017ರಲ್ಲಿ ನೊಬೆಲ್ ಪಾರಿತೋಷಕ ದೊರೆಯಿತು.

ನಾಚಿಕೆಮುಳ್ಳಿನ ತೊಟ್ಟಿನ ಬುಡದ ಈ ಉಬ್ಬಿನಲ್ಲಿ ನಡೆಯುವುದೇನು? ಅದರ ಜೀವಕೋಶಗಳು ನೀರು ತುಂಬಿದ ಚೀಲಗಳಂತೆ ಬಿಗಿಯಾಗಿರುತ್ತವೆ. ಮೇಲಿನ ಅರ್ಧವೂ ಕೆಳಗಿನ ಅರ್ಧವೂ ಪರಸ್ಪರ ಒತ್ತಿ ಹಿಡಿದಿರುವುದರಿಂದ ತೊಟ್ಟು ಎತ್ತಿ ನಿಂತಿರುತ್ತದೆ. ಎಲೆಯನ್ನು ಮುಟ್ಟಿದೊಡನೆ ಒಂದು ವಿದ್ಯುತ್ಪ್ರಚೋದನೆ ಹರಿಯುವುದು. ಅದು ತಲುಪಿದಾಗ ಕೆಳ ಅರ್ಧದ ಕೋಶಗಳಿಂದ ಪೊಟಾಸಿಯಂ ಮತ್ತು ಕ್ಲೋರೈಡುಗಳು ಹೊರಬೀಳುತ್ತವೆ. ಅವುಗಳ ಬೆನ್ನಹಿಂದೆ ನೀರೂ ಹೊರಡುವುದು. ಕೆಳಗಿನ ಭಾಗ ಸಡಿಲವಾಗಿ, ಮೇಲಿನ ಭಾಗದ ಒತ್ತಡಕ್ಕೆ ಎದುರಿಲ್ಲದೆ ತೊಟ್ಟು ಬೀಳುವುದು. ಸ್ವಲ್ಪ ಹೊತ್ತು ಬಿಟ್ಟರೆ ಕೋಶಗಳು ಮತ್ತೆ ನೀರು ಹೀರಿ ಎಲೆ ಏಳುತ್ತದೆ. ಗಾಳಿ ಹೋದ ಲೋಡಿನಂತೆ ಕುಸಿದು, ತಾನೇ ಮತ್ತೆ ತುಂಬಿಕೊಳ್ಳುವ ದಿಂಬು ಇದು.

ಈ ಪುಟ್ಟ ಅಂಗವನ್ನು ಪ್ರಾಣಿಯ ಸ್ನಾಯುವಿಗೆ ಹೋಲಿಸಿ, ಸ್ವಯಂ ಆವಿಷ್ಕರಿಸಿದ ಯಂತ್ರಗಳಿಂದ ಅದರ ಚಲನೆಯನ್ನು ಅಳೆದು, ಜಗತ್ತಿನ ಮುಂದಿಟ್ಟವರು ಆಚಾರ್ಯ ಜಗದೀಶಚಂದ್ರ ಬೋಸ್ (1858–1937) ಅವರು. ಸಸ್ಯದಲ್ಲಿ ವಿದ್ಯುತ್ಪ್ರಚೋದನೆ ಹರಿಯುವುದೆಂದು ಅವರು ಹೇಳಿದಾಗ ಯೂರೋಪಿನ ಅನೇಕರು ಒಪ್ಪಲಿಲ್ಲ. 1917ರಲ್ಲಿ ಕಲಕತ್ತೆಯಲ್ಲಿ ತಮ್ಮದೇ ಸಂಶೋಧನ ಮಂದಿರವನ್ನು ಸ್ಥಾಪಿಸಿ ಅವರು ಕೆಲಸವನ್ನು ಮುಂದುವರಿಸಿದರು. ಸಸ್ಯಗಳ ಚಲನಯಂತ್ರವನ್ನು ಕುರಿತ ಅವರ ಗ್ರಂಥ 1928ರಲ್ಲಿ ಹೊರಬಂದಿತು. ಅವರು ಹೇಳಿದ್ದೆಲ್ಲವೂ ಅಕ್ಷರಶಃ ನಿಂತಿದೆಯೆಂದು ನಾವು ಹೇಳುವುದಿಲ್ಲ; ಅಭಿಮಾನಕ್ಕಾಗಿ ಅತಿಶಯೋಕ್ತಿ ಬೇಕಾಗಿಲ್ಲ. ಆದರೆ ಪ್ರಚೋದನೆ ವಿದ್ಯುತ್ತಿನ ರೂಪದಲ್ಲಿ ಹರಿಯುವುದೆಂಬ ಮೂಲಸಂಗತಿಯನ್ನು ಇಂದು ಯಾರೂ ಅಲ್ಲಗಳೆಯುವುದಿಲ್ಲ. 2022ರಲ್ಲಿ ಜಪಾನಿನ ವಿಜ್ಞಾನಿಗಳು ಈ ಉಬ್ಬೇ ಇಲ್ಲದಂತೆ ಮಾಡಿದ ನಾಚಿಕೆಮುಳ್ಳನ್ನು ಬೆಳೆಸಿ, ಮಿಡತೆಗಳನ್ನು ಬಿಟ್ಟು ನೋಡಿದರು. ಎಲೆ ಮಡಿಚಲಾರದ ಗಿಡವನ್ನು ಮಿಡತೆಗಳು ಹೆಚ್ಚಾಗಿ ತಿಂದವು. ನಾವು ನಾಚಿಕೆಯೆಂದು ಕರೆದದ್ದು ಆತ್ಮರಕ್ಷಣೆಯೆಂದಾಯಿತು.

ಬೋಸರ ಇನ್ನೊಂದು ಅನುಭವ ನಮ್ಮ ಪ್ರಸ್ತುತ ವಿಷಯಕ್ಕೆ ನೇರವಾಗಿ ಸಂಬಂಧಿಸಿದೆ. ತಮ್ಮ ಯಂತ್ರಗಳಿಗೆ ಅವರು ಮೊದಲು ‘ಕುಂಚನ’, ‘ಶೋಷಣ’ ಮುಂತಾದ ಸಂಸ್ಕೃತ ಶಬ್ದಗಳಿಂದ ಹೆಸರಿಡಲು ಯತ್ನಿಸಿದರು. ವಿದೇಶೀಯರು ಆ ಹೆಸರುಗಳನ್ನು ಉಚ್ಚರಿಸಲಾರದೆ ವಿಕಾರಮಾಡಿದುದರಿಂದ ಕಡೆಗೆ ಆ ಪ್ರಯತ್ನವನ್ನು ಕೈಬಿಟ್ಟು ‘ಕ್ರೆಸ್ಕೋಗ್ರಾಫ್’ ಎಂಬಂತಹ ಲ್ಯಾಟಿನ್-ಗ್ರೀಕ್ ಹೆಸರುಗಳನ್ನು ಇಡಬೇಕಾಯಿತೆಂದು ಬಂಗಾಳಿ ಲೇಖನವೊಂದರಲ್ಲಿ ವಿನೋದವಾಗಿ ಬರೆದಿದ್ದಾರೆ. ಅವರು ತಮ್ಮ ನಾಲಗೆಗೆ ಬಾರದ ಪದವನ್ನು ನಿರಾಕರಿಸಿದರು. ನಾವಾದರೋ ನಮ್ಮ ಮನಸ್ಸಿಗೆ ಬಾರದ ಪದವನ್ನೂ ಕಂಠಪಾಠಮಾಡಿ ಪರೀಕ್ಷೆಗೆ ಕೂರುತ್ತೇವೆ. ವಿದೇಶೀಯರ ನಿರಾಕರಣೆ ಸೌಜನ್ಯವಲ್ಲವೆಂಬುದು ನಿಜ. ನಮ್ಮ ಅಂಗೀಕಾರ ವಿವೇಕವೆಂಬುದೂ ಸಂಶಯವೇ.

ಉಳಿದ ಶಾಸ್ತ್ರಗಳಲ್ಲಿ ಈ ಶಬ್ದದ ಬಂಧುಗಳನ್ನು ಶೀಘ್ರವಾಗಿ ನೋಡಿ ಮುಗಿಸಬಹುದು. ನೊಣವು ಗಾಜಿನ ಮೇಲೆ ಜಾರದೆ ನಡೆಯುವುದು ಅದರ ಪಾದಗಳ ಮೆತ್ತೆಗಳಿಂದ. ಸೂಕ್ಷ್ಮ ರೋಮಗಳಿಂದ ತುಂಬಿ ಅಂಟುದ್ರವವನ್ನು ಸ್ರವಿಸುವ ಅವುಗಳಿಗೆ ‘ಪಲ್ವಿಲ್ಲಸ್’, ಅಂದರೆ ಕಿರುದಿಂಬು, ಎಂದು ಹೆಸರು. ಸೀಬೆಯ ಎಲೆಗಳಿಗೂ ಕಾಫಿಯ ಗಿಡಕ್ಕೂ ಅಂಟುವ ಹೊಪ್ಪಳೆಯಂಥ ಕೀಟವೊಂದರ ಕುಲನಾಮ ‘ಪಲ್ವಿನೇರಿಯ’. ಮೊಟ್ಟೆಗಳನ್ನು ಹತ್ತಿಯ ದಿಂಬಿನಂಥ ಚೀಲದಲ್ಲಿಡುವುದರಿಂದ ಆ ಹೆಸರು ಬಂದಿತು. ಮನುಷ್ಯನ ಮಿದುಳಿನೊಳಗೆ ‘ಥಾಲಮಸ್’ ಎಂಬ ಭಾಗವಿದೆ. ಗ್ರೀಕ್ ಭಾಷೆಯಲ್ಲಿ ಅದಕ್ಕೆ ಒಳಮನೆ, ಶಯ್ಯಾಗೃಹ ಎಂಬರ್ಥ. ಅದರ ಹಿಂಭಾಗದ ಉಬ್ಬಿಗೆ, ಶಯ್ಯಾಗೃಹವೆಂದ ಮೇಲೆ ದಿಂಬು ಬೇಡವೇ ಎಂಬಂತೆ, ‘ಪಲ್ವಿನಾರ್’ ಎಂದು ಹೆಸರಿಟ್ಟಿದ್ದಾರೆ. ಕಣ್ಣು ಯಾವುದರ ಮೇಲೆ ಗಮನವಿಡಬೇಕೆಂಬ ವ್ಯವಹಾರದಲ್ಲಿ ಅದರ ಪಾತ್ರವಿದೆ. ಒಂದು ಕಡೆ ಮಾತ್ರ ಎಚ್ಚರವಿರಬೇಕು: ಕಲ್ಲುಹೂವುಗಳ ರಸಾಯನಶಾಸ್ತ್ರದಲ್ಲಿ ಬರುವ ‘ಪಲ್ವಿನಿಕ್’ ಆಮ್ಲಕ್ಕೂ ದಿಂಬಿಗೂ ಏನೇನೂ ಸಂಬಂಧವಿಲ್ಲ. ನರಿಯ ಲ್ಯಾಟಿನ್ ಹೆಸರಿನಿಂದ ಬಂದ ‘ವಲ್ಪಿನಿಕ್’ ಎಂಬ ಆಮ್ಲದ ಅಕ್ಷರಗಳನ್ನು ಹಿಂದುಮುಂದುಮಾಡಿ ರಸಾಯನಶಾಸ್ತ್ರಜ್ಞರು ಅದರ ಸಂಬಂಧಿಗೆ ಆ ಹೆಸರನ್ನು ಕಟ್ಟಿದರು. ಧೂಳಿನ ಹಳ್ಳವನ್ನು ತಪ್ಪಿಸಿಕೊಂಡ ಭಾಷಾಂತರಕಾರ ಈ ನರಿಯ ಬಿಲಕ್ಕೆ ಬೀಳದಿರಲಿ.

ದಿಂಬಿನ ಮಾತು ಬಂದಾಗ ಆಂಗ್ಲರ ಇನ್ನೊಂದು ವಿಶೇಷಣವನ್ನು ಹೇಳದಿರಲಾಗದು. ಶ್ರಮವಿಲ್ಲದ, ಸುಖದ ಉದ್ಯೋಗವನ್ನು ಅವರು ‘ಕುಶಿ’ ಎಂಬ ಪದದಿಂದ ವರ್ಣಿಸುತ್ತಾರೆ. ಮೆತ್ತೆಗೆ ಅವರು ಹೇಳುವ ‘ಕುಶನ್’ ಎಂಬ ಪದದಿಂದ ಅದು ಹುಟ್ಟಿತೆಂದು ಆಂಗ್ಲರಲ್ಲಿಯೇ ಬಹುಮಂದಿ ನಂಬಿದ್ದಾರೆ. ನಿಘಂಟುಕಾರರ ಮತ ಬೇರೆ. ಅದು ಪಾರಸಿಯ ‘ಖುಷ್’ ಎಂಬ ಶಬ್ದ. ಹಿಂದೂಸ್ಥಾನಿಯ ಮೂಲಕ ಬ್ರಿಟಿಷ್ ಸಿಪಾಯಿಗಳ ಬಾಯಿಗೆ ಬಂದು, ಮೊದಲನೆಯ ಮಹಾಯುದ್ಧದ ಕಾಲದಲ್ಲಿ, 1915ರ ಸುಮಾರಿಗೆ, ಬರಹದಲ್ಲಿ ಕಾಣಿಸಿಕೊಂಡಿತು. ನಮ್ಮ ಕನ್ನಡದ ‘ಖುಷಿ’ಯೂ ಅದೇ ಮನೆಯದು. ಇಲ್ಲಿ ಕಲಿತ ಪದವನ್ನು ಕಂದಕಗಳಲ್ಲಿ ಕೆಸರು ತುಳಿಯುತ್ತಿದ್ದ ಸೈನಿಕರು ಫ್ರಾನ್ಸಿನವರೆಗೆ ಒಯ್ದು, ಅಪಾಯವಿಲ್ಲದ ಕೆಲಸ ಸಿಕ್ಕವನನ್ನು ಕಂಡು ಕರುಬಲು ಬಳಸಿದರು. ಪದಕ್ಕೆ ಮೆತ್ತೆಯ ನೆನಪು ಅಂಟಿದ್ದು ಧ್ವನಿಸಾಮ್ಯದಿಂದ. ಅಂದರೆ ನಮ್ಮ ಭಾಷಾಂತರಕಾರನು ಧೂಳಿನಲ್ಲಿ ಮಾಡಿದ ತಪ್ಪನ್ನೇ ಆಂಗ್ಲ ಜನಸಾಮಾನ್ಯರು ಖುಷಿಯ ವಿಷಯದಲ್ಲಿ ಮಾಡಿದ್ದಾರೆ. ಅಲ್ಲಿ ಅದರಿಂದ ಯಾವ ವಿದ್ಯಾರ್ಥಿನಿಗೂ ಅಂಕ ಕಳೆಯಲಿಲ್ಲ, ಇಷ್ಟೇ ವ್ಯತ್ಯಾಸ.

ಹಾಗಾದರೆ ಕನ್ನಡದಲ್ಲಿ ಇದಕ್ಕೆ ಏನೆನ್ನಬೇಕು? ‘ಉಪಧಾನಾಕಾರ’ ಎಂದು ಸಂಸ್ಕೃತದಲ್ಲಿ ಹೇಳಬಹುದು, ಉಪಧಾನವೆಂದರೆ ದಿಂಬೇ. ಶಬ್ದ ಶುದ್ಧವಾಗಿದೆ, ಗಂಭೀರವಾಗಿದೆ. ಆದರೆ ‘ಪಲ್ವಿನೇಟ್’ ತಿಳಿಯದ ಹುಡುಗನಿಗೆ ‘ಉಪಧಾನ’ ತಿಳಿದಿರುವುದೆಂಬ ಭರವಸೆ ನಮಗಿಲ್ಲ. ಒಂದು ಅಪರಿಚಿತವನ್ನು ತೆಗೆದು ಇನ್ನೊಂದು ಅಪರಿಚಿತವನ್ನು ಕೂರಿಸಿದಂತಾದೀತು. 1918ರಲ್ಲಿ ಬೆಳ್ಳಾವೆ ವೆಂಕಟನಾರಣಪ್ಪನವರು ಮತ್ತು ಅವರ ಮಿತ್ರರು ‘ವಿಜ್ಞಾನ’ ಪತ್ರಿಕೆಯನ್ನು ಹೊರಡಿಸಿದಾಗಿನಿಂದಲೂ ಈ ಪ್ರಶ್ನೆ ನಮ್ಮ ಮುಂದಿದೆ. ಡಾಕ್ಟರ್ ಬಿ. ಜಿ. ಎಲ್. ಸ್ವಾಮಿಯವರಂತಹ ಸಸ್ಯಶಾಸ್ತ್ರಜ್ಞರು ತಮ್ಮ ‘ಹಸುರು ಹೊನ್ನು’ ಗ್ರಂಥದಲ್ಲಿ ಗಿಡಮರಗಳ ವಿಚಾರವನ್ನು ಮನೆಯ ಮಾತಿನಲ್ಲಿ ಹೇಳಬಹುದೆಂದು ತೋರಿಸಿಕೊಟ್ಟರು. ಆ ಪುಸ್ತಕಕ್ಕೆ 1978ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪುರಸ್ಕಾರವೂ ಬಂದಿತು. ದಾರಿ ಇಲ್ಲವೆನ್ನುವಂತಿಲ್ಲ, ನಡೆಯುವವರು ಕಡಮೆ.

ಕನ್ನಡದಲ್ಲಿ ದಿಂಬಿನ ಸಂಸಾರ ದೊಡ್ಡದು. ತಲೆದಿಂಬು, ಒರಗುದಿಂಬು, ಲೋಡು, ಮೆತ್ತೆ, ಗಾದಿ, ಸುಪ್ಪತ್ತಿಗೆ ಇವು ಮಲಗುವ, ಕೂರುವ ಸುಖದವು. ಕತ್ತೆಯ ಬೆನ್ನ ಮೇಲಿನ ತಡಿ, ನೀರಿನ ಕೊಡದ ಕೆಳಗೆ ಹೆಂಗಸರು ತಲೆಯ ಮೇಲಿಡುವ ಸಿಂಬಿ ಇವು ದುಡಿಮೆಯವು. ಒಂದೊಂದರ ಆಕಾರವೂ ಬೇರೆ, ಕೆಲಸವೂ ಬೇರೆ. ಆಂಗ್ಲರು ಒಂದು ಲ್ಯಾಟಿನ್ ಪದವನ್ನು ಆಕಾರಕ್ಕೂ, ಗಿಡದ ಬೆಳವಣಿಗೆಗೂ, ಎಲೆಯ ಬುಡದ ಉಬ್ಬಿಗೂ ಸಮಾನವಾಗಿ ಬಳಸಿಕೊಂಡರೆಂದು ನಾವೂ ಒಂದೇ ಪದಕ್ಕೆ ಕಟ್ಟುಬೀಳಬೇಕಾದ ಕಾರಣವಿಲ್ಲ. ಆಕಾರವನ್ನು ಹೇಳುವಲ್ಲಿ ‘ದಿಂಬಿನಾಕಾರದ’ ಎಂದರೆ ಸಾಕು. ಸೂಕ್ಷ್ಮಜೀವಿಗಳ ಗುಂಪಿಗೂ ಅಣಬೆಯ ಕೊಡೆಗೂ ಅದೇ ಹೊಂದುವುದು. ಪರ್ವತದ ಸಸ್ಯಗಳಿಗೆ ‘ದಿಂಬುಗಿಡ’ ಎಂದು ನಾವು ಮೇಲೆಯೇ ಬರೆದೆವು. ವಾಚಕರಿಗೆ ಎಲ್ಲಿಯೂ ತೊಡಕಾಗಿರಲಾರದು. ವಾಸ್ತುವಿನಲ್ಲಿ ‘ಉಬ್ಬುಪಟ್ಟಿ’ ಎಂಬುದು ಅರ್ಥಕ್ಕೆ ಸರಿಯಾಗಿದೆ. ನೊಣದ ಕಾಲಿಗೆ ‘ಪಾದದಿಂಬು’ ಎನ್ನಬಹುದು.

ಕಷ್ಟವಿರುವುದು ಎಲೆಯ ಬುಡದಲ್ಲಿ. ಅಲ್ಲಿ ಉಬ್ಬೂ ಇದೆ, ಬಾಗುವ ಕೀಲೂ ಇದೆ. ಬೆರಳಿನ ಕೀಲಿಗೂ ಕಬ್ಬಿನ ಗಂಟಿಗೂ ನಮ್ಮ ರೈತರು ಗಿಣ್ಣು ಎನ್ನುತ್ತಾರೆ. ಆದುದರಿಂದ ‘ದಿಂಬುಗಿಣ್ಣು’ ಎಂದು ಕರೆಯಬಹುದೆಂದು ನಮಗೆ ತೋರುತ್ತದೆ. ಕಾಂಡದ ಗಿಣ್ಣಿನೊಡನೆ ಗೊಂದಲವಾಗುವುದೆಂದು ಸಸ್ಯಶಾಸ್ತ್ರದ ಅಧ್ಯಾಪಕರು ಆಕ್ಷೇಪಿಸಬಹುದು. ಆ ಆಕ್ಷೇಪದಲ್ಲಿ ಹುರುಳಿಲ್ಲವೆಂದು ನಾವು ಹೇಳೆವು. ಹುರುಳಿಯ, ಅವರೆಯ, ತೊಗರಿಯ ಎಲೆಗಳ ಬುಡದಲ್ಲಿಯೂ ಇಂತಹ ಉಬ್ಬು ಇರುವುದರಿಂದ, ದಿನವೂ ಆ ಗಿಡಗಳ ನಡುವೆ ಕೈಯಾಡಿಸುವವರು ಅದನ್ನು ಹೆಸರಿಲ್ಲದೆ ಬಿಟ್ಟಿರುವರೆಂದು ನಂಬುವುದು ಕಷ್ಟ. ಹಳೆಯ ಮೈಸೂರು, ಧಾರವಾಡ, ಕಲಬುರಗಿ, ಕರಾವಳಿ, ಕೊಡಗು, ಮಲೆನಾಡು ಯಾವ ಸೀಮೆಯಲ್ಲಾದರೂ ಆ ಉಬ್ಬಿಗೆ ಬಳಕೆಯ ಹೆಸರೊಂದಿದ್ದು ನಮ್ಮ ವಾಚಕರಿಗೆ ಗೊತ್ತಿದ್ದರೆ, ಗಿಡದ ಹೆಸರನ್ನೂ ಊರಿನ ಹೆಸರನ್ನೂ ಸೇರಿಸಿ ಬರೆದು ಕಳುಹಿಸಬೇಕಾಗಿ ಕೋರುತ್ತೇವೆ. ಬಂದುದನ್ನೆಲ್ಲ ಈ ಪುಟದಲ್ಲಿಯೇ ಪ್ರಕಟಿಸುವೆವು.